ಒಂದು ಮೊರ ತೌಡು

ಬೆಂಗಳೂರು
11-6-2001

ಅಮ್ಮನಿಗೆ ಶಿಲ್ಪಾಳ ಶರಣು.

ನಿನ್ನ ಅಳಿಯ ಹೋದ ವಾರ ಮೂಡಿಗೆರೆಗೆ ಬಂದದ್ದು ನಿನ್ನ ಕೈಯ ಅಕ್ಕಿರೊಟ್ಟಿ ತಿನ್ನುವುದಕ್ಕಲ್ಲ ಎಂದು ನಿನಗೆ ಆಗಲೇ ಅನುಮಾನ ಬಂದಿರುತ್ತದೆ. ಹೌದು, ಅವರು ಬಂದದ್ದು ತಾಲ್ಲೂಕು ಕಚೇರಿಗೆ. ನಿನ್ನ ಒಂದು ಕಿಡ್ನಿ ನನಗೆ ಹಾಕಬೇಕಾದರೆ ನೀನು ನನ್ನ ಹೆತ್ತ ತಾಯಿ ಎಂದು ಕಾಗದದಲ್ಲಿ ತೋರಿಸಬೇಕಂತೆ. ಬಡವರಿಗೆ ದುಡ್ಡು ತೋರಿಸಿ ಕಿಡ್ನಿ ತೆಗೆಸುವ ದಂಧೆ ನಡೆದ ಮೇಲೆ ಆಸ್ಪತ್ರೆಗಳೆಲ್ಲ ಹೀಗೆ ಬಿಗಿಯಾಗಿವೆ. ನಮ್ಮಿಬ್ಬರ ರಕ್ತದ ಗುಂಪು ಒಂದೇ ಎಂದು ಗೊತ್ತಾಗಿದೆ. ಉಳಿದ ಪರೀಕ್ಷೆಗಳನ್ನು ಇದಕ್ಕೆ ಒಪ್ಪಿಗೆ ಕೊಡುವ ಸಮಿತಿಯವರು ಕಾಗದ ನೋಡಿ ಒಪ್ಪಿದ ಮೇಲೆಯೇ ಮಾಡುವುದಂತೆ.

ಈಗ ತಮಾಷೆ ಕೇಳು. ನನ್ನ ಜನನ ಪತ್ರದ ನಕಲು ಸಿಕ್ಕಿದೆ. ಜಾವಳಿ ಗ್ರಾಮ, 1974ನೇ ಇಸವಿ, ಹೆಣ್ಣು ಮಗು, ತಂದೆ ಪರಮೇಶ್ವರಪ್ಪ. ಇಲ್ಲಿಯವರೆಗೆ ಸರಿ. ತಾಯಿಯ ಹೆಸರಿನ ಜಾಗದಲ್ಲಿ ಭಾಗಮ್ಮ ಎಂದಿದೆ! ಜಾವಳಿಯಲ್ಲಿ ನಮ್ಮ ಮನೆಗೆ ಭತ್ತ ಕುಟ್ಟಲು ಬರುತ್ತಿದ್ದ, ಗೌರಿ ಹಬ್ಬಕ್ಕೆ ತಪ್ಪದೆ ಬಂದು ನಿನ್ನಿಂದ ಸೀರೆ ಉಡಿಸಿಕೊಂಡು ಹೋಗುವ ಭಾಗಮ್ಮನೇ ಇರಬೇಕು. ಅದೇ ಸಮಯದಲ್ಲಿ ಅವಳೂ ಹೆತ್ತಿದ್ದಳೇನೋ, ಬರೆಯುವವನು ಎಲೆ ಅಡಿಕೆ ಹಾಕಿಕೊಳ್ಳುತ್ತ ಇಬ್ಬರನ್ನೂ ಕಲೆಸಿಬಿಟ್ಟಿದ್ದಾನೆ ಎಂದು ನಾವಿಬ್ಬರೂ ನಕ್ಕೆವು. ಆಸ್ಪತ್ರೆಯವರು ಮಾತ್ರ ನಗಲಿಲ್ಲ. ತೋರಿಸಿದ ದಿನವೇ ಈ ನಕಲನ್ನು ನನ್ನ ಕಡತಕ್ಕೆ ಸೇರಿಸಿಕೊಂಡಿದ್ದಾರೆ. ತಿದ್ದಿಸಿದ ಪತ್ರ ಬರುವವರೆಗೆ ಕಡತ ಮುಂದಕ್ಕೆ ಹೋಗುವುದಿಲ್ಲ.

ನೀನು ರೇಷನ್ ಕಾರ್ಡು, ನನ್ನ ಶಾಲೆಯ ಟಿ.ಸಿ. ಹಿಡಿದು ಜಾವಳಿಯ ವಿಲೇಜ್ ಅಕೌಂಟೆಂಟರನ್ನು ನೋಡು. ನಕಲಿನ ಜೆರಾಕ್ಸ್ ಇದರೊಳಗೆ ಇಟ್ಟಿದ್ದೇನೆ. ಕೆಳಗಿನ ಮನೆಯವರ ಫೋನಿಗೆ ಮಾಡಬೇಡ. ಅವರು ಪಕ್ಕದಲ್ಲೇ ನಿಂತು ಕೇಳಿಸಿಕೊಳ್ಳುತ್ತಾರೆ, ಆಮೇಲೆ ಮೆಟ್ಟಿಲ ಮೇಲೆ ಸಿಕ್ಕವರಿಗೆಲ್ಲ ಹೇಳುತ್ತಾರೆ. ವಾರಕ್ಕೆ ಎರಡು ಸಲ ಡಯಾಲಿಸಿಸ್ ನಡೆಯುತ್ತಿದೆ. ನಾನು ಚೆನ್ನಾಗಿದ್ದೇನೆ.

ಶಿಲ್ಪಾ


ಮೂಡಿಗೆರೆ
20-6-2001

ಚಿ. ಶಿಲ್ಪಾಳಿಗೆ ಆಶೀರ್ವಾದ.

ಕಾಗದ ತಲುಪಿತು. ಇಲ್ಲಿ ಮಳೆ ಹಿಡಿದಿದೆ. ಅಂಗಡಿಯಲ್ಲಿ ರವಿಕೆ ಕಣ ಕೇಳುವವರೂ ಇಲ್ಲ, ಕಂಬಳಿ ಕೇಳುವವರೂ ಇಲ್ಲ. ಬಸ್ಸಿಗೆ ಕಾಯುವವರು ಬಂದು ನಿಂತು ನೆಲವನ್ನೆಲ್ಲ ಒದ್ದೆ ಮಾಡಿ ಹೋಗುತ್ತಾರೆ. ನಾನೂ ಗದರುವುದನ್ನು ಬಿಟ್ಟಿದ್ದೇನೆ. ನಿನ್ನ ಮಗುವಿಗೆ ಕೆಮ್ಮು ಎಂದು ಅಳಿಯಂದಿರು ಹೇಳಿದ್ದರಲ್ಲ, ಕಾಳುಮೆಣಸಿನ ಕಷಾಯ ಕೊಡು. ಅದಕ್ಕೂ ಡಾಕ್ಟರನ್ನು ಕೇಳಬೇಡ.

ಜನನ ಪತ್ರ ನೋಡಿದೆ. ಆ ಕಾಲದ ಬರವಣಿಗೆಯೇ ಹಾಗೆ. ಸತ್ತವರನ್ನು ಹುಟ್ಟಿಸುತ್ತಿದ್ದರು, ಹುಟ್ಟಿದವರನ್ನು ಸಾಯಿಸುತ್ತಿದ್ದರು. ಅಕೌಂಟೆಂಟರು ಯಾವುದೋ ತರಬೇತಿಗೆ ಚಿಕ್ಕಮಗಳೂರಿಗೆ ಹೋಗಿದ್ದಾರಂತೆ, ಬಂದ ಮೇಲೆ ನೋಡೋಣ. ಅಷ್ಟಕ್ಕೂ ನನ್ನ ಹೊಟ್ಟೆಯೊಳಗಿನ ಕಿಡ್ನಿ ಕೊಡಲು ಸರ್ಕಾರದ ಕಾಗದ ಯಾಕೆ ಬೇಕು? ಕೊಡುವವಳು ನಾನು, ತೆಗೆದುಕೊಳ್ಳುವವಳು ನೀನು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂದ ಹಾಗಾಯಿತು. ನಿನ್ನ ಮದುವೆಯ ಲಗ್ನಪತ್ರಿಕೆಯಲ್ಲಿ ‘ಶ್ರೀಮತಿ ಸರ್ವಮಂಗಳಾ ಮತ್ತು ದಿವಂಗತ ಪರಮೇಶ್ವರಪ್ಪನವರ ಏಕಮಾತ್ರ ಪುತ್ರಿ’ ಎಂದು ಚಿನ್ನದ ಅಕ್ಷರದಲ್ಲಿ ಅಚ್ಚು ಹಾಕಿಸಿದ್ದೆವು. ಅದನ್ನು ತೋರಿಸಿದರೆ ಆಗುವುದಿಲ್ಲವೇ? ಒಂದು ಪ್ರತಿ ಕಳಿಸಿದ್ದೇನೆ.

ಉಪ್ಪು ಮುಟ್ಟಬೇಡ.

ಸರ್ವಮಂಗಳಾ


ಬೆಂಗಳೂರು
9-7-2001

ಅಮ್ಮ,

ಲಗ್ನಪತ್ರಿಕೆ ತೋರಿಸಿದೆವು. ಸಮಿತಿಯಲ್ಲಿದ್ದ ಒಬ್ಬರು ಅದನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, ಅಚ್ಚಿನವನು ದುಡ್ಡು ಕೊಟ್ಟವರು ಹೇಳಿದ್ದನ್ನೆಲ್ಲ ಹಾಕುತ್ತಾನೆ ಎಂದರು. ಆಮೇಲೆ ಇವರನ್ನು ಹೊರಗೆ ಕರೆದು ಮೆಲ್ಲಗೆ ಕೇಳಿದರಂತೆ: “ನಿಜ ಹೇಳಿ, ಆ ಹೆಂಗಸಿಗೆ ಎಷ್ಟು ಕೊಡ್ತಿದೀರಿ?”

ಆ ಹೆಂಗಸು ಎಂದರೆ ನೀನು. ಮನೆಗೆ ಬಂದು ಇದನ್ನು ಹೇಳಿ ಇವರು ಊಟಕ್ಕೂ ಏಳಲಿಲ್ಲ. ತಮ್ಮ ಕಿಡ್ನಿ ಕೊಡೋಣವೆಂದರೆ ರಕ್ತ ಹೊಂದುವುದಿಲ್ಲ. ನನಗೆ ಅಣ್ಣ ತಮ್ಮ ಅಕ್ಕ ತಂಗಿ ಯಾರೂ ಇಲ್ಲ. ನನಗಿರುವವಳು ನೀನೊಬ್ಬಳು, ಕಾಗದದಲ್ಲಿ ನೀನೂ ಇಲ್ಲ.

ಮಳೆ ಬಿಡಲಿ ಎಂದು ಕಾಯಬೇಡ ಅಮ್ಮ. ಮೂಡಿಗೆರೆಯ ಮಳೆ ಬಿಡುವುದು ಯಾವಾಗ ಎಂದು ನಿನಗಿಂತ ನನಗೆ ಚೆನ್ನಾಗಿ ಗೊತ್ತು. ಜಾವಳಿಗೆ ಜೀಪು ಸಿಗುತ್ತದೆ. ಹೋಗಿ ಬಾ.

ನನ್ನದೇನೂ ಚಿಂತೆ ಇಲ್ಲ. ಊಟ ಸೇರುತ್ತಿದೆ.

ಶಿಲ್ಪಾ


ಮೂಡಿಗೆರೆ
25-7-2001

ಚಿ. ಶಿಲ್ಪಾಳಿಗೆ,

ಹೋಗಿದ್ದೆ. ಅರ್ಜಿ ಕೊಟ್ಟು ಬಂದಿದ್ದೇನೆ. ಅಕೌಂಟೆಂಟು ನಿನ್ನಷ್ಟೇ ವಯಸ್ಸಿನವನು, ಒಳ್ಳೆಯವನ ಹಾಗೆ ಕಂಡ. ನೀಲಿ ಶಾಯಿಯಲ್ಲಿ ಬರೆದ ಅರ್ಜಿ ತೆಗೆದುಕೊಳ್ಳುವುದಿಲ್ಲ ಎಂದ. ಅವನ ಪೆನ್ನನ್ನೇ ಇಸಿದುಕೊಂಡು ಕಪ್ಪು ಶಾಯಿಯಲ್ಲಿ ಮತ್ತೆ ಬರೆದುಕೊಟ್ಟೆ. ಮೇಲಿನವರಿಗೆ ಕಳಿಸುತ್ತೇನೆ, ಕಾಯಿರಿ ಎಂದಿದ್ದಾನೆ. ಸರ್ಕಾರದ ಕೆಲಸ, ನಮ್ಮ ಅವಸರಕ್ಕೆ ಆಗುತ್ತದೆಯೇ?

ಆ ಸಮಿತಿಯವನಿಗೆ ಹೇಳು, ಮೂಡಿಗೆರೆಯ ಸರ್ವಮಂಗಳಮ್ಮ ಬಟ್ಟೆ ಮಾರುತ್ತಾಳೆ, ಕಿಡ್ನಿ ಮಾರುವುದಿಲ್ಲ ಎಂದು.

ಸರ್ವಮಂಗಳಾ


ಬೆಂಗಳೂರು
30-8-2001

ಅಮ್ಮ,

ಇವರು ಮೊನ್ನೆ ಜಾವಳಿಯ ಅಕೌಂಟೆಂಟರನ್ನು ಫೋನಿನಲ್ಲಿ ಹಿಡಿದರು. ಯಾವ ಅರ್ಜಿಯೂ ಬಂದಿಲ್ಲವಂತೆ. ಸರ್ವಮಂಗಳಮ್ಮ ಎಂಬುವರು ಯಾರೂ ಬಂದೂ ಇಲ್ಲವಂತೆ. ಅವರು ಚಿಕ್ಕಮಗಳೂರಿಗೆ ತರಬೇತಿಗೆ ಹೋದದ್ದೂ ಇಲ್ಲ. ಆ ಕಪ್ಪು ಶಾಯಿಯ ಮಾತು ನನ್ನನ್ನು ಪೂರ್ತಿ ನಂಬಿಸಿಬಿಟ್ಟಿತ್ತು. ನಾನು ಟೀಚರ್ ಆಗಿದ್ದಾಗ ಮಕ್ಕಳು ಇಂಥ ಸುಳ್ಳು ಹೇಳಿದರೆ ಥಟ್ಟನೆ ಹಿಡಿಯುತ್ತಿದ್ದೆ. ತಾಯಿ ಹೇಳುವ ಸುಳ್ಳು ಹಿಡಿಯಲು ಅಭ್ಯಾಸ ಇರಲಿಲ್ಲ.

ಡಯಾಲಿಸಿಸ್‌ಗೆ ಮಲಗಿದಾಗ ಮಾಡಲು ಬೇರೇನೂ ಇರುವುದಿಲ್ಲ, ಬರೀ ಯೋಚನೆ. ಬರೆದವನು ಹೆಸರು ಕಲೆಸಿದ್ದರೆ ತಂದೆಯ ಹೆಸರೂ ಬದಲಾಗಬೇಕಿತ್ತು. ಅಪ್ಪನ ಹೆಸರು ಸರಿಯಾಗಿದೆ. ತಾಯಿಯದು ಮಾತ್ರ ಬೇರೆ. ಚಿಕ್ಕವಳಿದ್ದಾಗ ನಾನು ಹಠ ಮಾಡಿದರೆ ನೀನು ಏನೆನ್ನುತ್ತಿದ್ದೆ, ನೆನಪಿದೆಯೇ? “ಭಾಗಮ್ಮನ ಮಗಳು ನೀನು, ಹೋಗಿ ಅವಳನ್ನೇ ಕೇಳು.” ಎಲ್ಲ ತಾಯಂದಿರೂ ಮಕ್ಕಳನ್ನು ಹೀಗೆ ರೇಗಿಸುತ್ತಾರೆ ಎಂದುಕೊಂಡಿದ್ದೆ. ನೆಂಟರ ಮುಂದೆ ನನ್ನನ್ನು ನನ್ನ ಮಗಳು ಎಂದು ನೀನು ಒಮ್ಮೆಯಾದರೂ ಹೇಳಿದ್ದು ಜ್ಞಾಪಕಕ್ಕೆ ಬರುತ್ತಿಲ್ಲ. ನಿನ್ನ ಕಾಗದಗಳನ್ನೆಲ್ಲ ತೆಗೆದು ನೋಡಿದೆ. ಒಂದರಲ್ಲೂ ‘ನಿನ್ನ ತಾಯಿ’ ಎಂದು ಸಹಿ ಮಾಡಿಲ್ಲ. ಪ್ರತಿ ಗೌರಿಗೂ ಆ ಹೆಂಗಸಿಗೆ ಸೀರೆ ಯಾಕೆ? ಮೊದಲ ತುತ್ತು ನನ್ನ ಕೈಯಿಂದಲೇ ಅವಳ ಎಲೆಗೆ ಯಾಕೆ ಬಡಿಸಬೇಕಿತ್ತು?

ಅಪ್ಪನಿಗೂ ಭಾಗಮ್ಮನಿಗೂ ಹುಟ್ಟಿದವಳು ನಾನು ಎಂದಾದರೆ ಅದನ್ನು ಹೇಳಿಬಿಡು. ಅಪ್ಪ ಈಗ ಇಲ್ಲ, ಅವರ ಮಾನ ಕಾಯುವ ಕೆಲಸವೂ ಇಲ್ಲ. ಹೊರಗಿನ ಹೆಣ್ಣಿನ ಮಗುವನ್ನು ಇಷ್ಟು ವರ್ಷ ಸಾಕಿದ್ದೀಯ, ಅದಕ್ಕೆ ನಿನ್ನ ಕಾಲಿಗೆ ಬೀಳುತ್ತೇನೆ. ಅಂಥವಳಿಗೆ ಕಿಡ್ನಿ ಬೇರೆ ಕೊಡಬೇಕೇ ಎಂದು ಮನಸ್ಸು ಹಿಂದೆಗೆದರೆ ತಪ್ಪು ಎನ್ನುವುದಿಲ್ಲ. ಆದರೆ ಸುಳ್ಳು ಹೇಳಿ ಕಾಯಿಸಬೇಡ. ಕಾಯುವ ಶಕ್ತಿ ನನಗಿಲ್ಲ.

ಶಿಲ್ಪಾ


ಮೂಡಿಗೆರೆ
6-9-2001

ಶಿಲ್ಪಾ,

ನಿನ್ನ ಕಾಗದ ಓದಿ ಮೊದಲು ಸಿಟ್ಟು ಬಂತು. ಆಮೇಲೆ ನಗು ಬಂತು. ನಿಮ್ಮಪ್ಪ ಬದುಕಿದ್ದು ಇದನ್ನು ಓದಿದ್ದರೆ ಅಂಗಡಿಯ ಬಾಗಿಲು ಹಾಕಿಕೊಂಡು ಒಳಗೇ ಕುಳಿತುಬಿಡುತ್ತಿದ್ದರು. ಭಾಗಮ್ಮ ಎದುರು ಬಂದರೆ ತಲೆ ಎತ್ತಿ ನೋಡದ ಮನುಷ್ಯ ಅವರು. ನೀನು ನನ್ನ ಹೊಟ್ಟೆಯಲ್ಲಿ ಹುಟ್ಟಿದವಳು. ಇಷ್ಟು ಬರೆಯುವಾಗಲೂ ನನ್ನ ಕೈ ಹಿಂದೆ ಮುಂದೆ ನೋಡುತ್ತಿದೆ. ಯಾಕೆ ಎಂದು ಹೇಳುತ್ತೇನೆ, ಕೇಳು.

ನಿನಗಿಂತ ಮುಂಚೆ ನನಗೆ ಮೂರು ಮಕ್ಕಳು. ಒಂದು ಮಗು ಹೋಗಿತ್ತು ಎಂದಷ್ಟೇ ನಿನಗೆ ಗೊತ್ತು. ಮೊದಲನೆಯದು ಹೊಕ್ಕುಳ ಬೀಳುವ ಮುಂಚೆಯೇ ಹೋಯಿತು. ಎರಡನೆಯದು ಹೆಣ್ಣು, ಮೂರು ತಿಂಗಳು ಇತ್ತು. ಮೂರನೆಯವನು ಕುಳಿತುಕೊಳ್ಳಲು ಕಲಿತಿದ್ದ, ಗೋಡೆಗೆ ಒರಗಿಸಿದರೆ ಕೈ ಬಡಿದು ನಗುತ್ತಿದ್ದ. ಅವನು ಹೋದ ಮೇಲೆ ನಾನು ಸೀರೆ ಉಡುವುದನ್ನೇ ಮರೆತವಳ ಹಾಗೆ ತಿರುಗುತ್ತಿದ್ದೆನಂತೆ. ನೀನು ಹೊಟ್ಟೆಯಲ್ಲಿದ್ದಾಗ ನಿನ್ನಜ್ಜಿ ನಂಜಮ್ಮನವರು, “ಈ ಮನೆ ಮಗು ಅಂತ ಹುಟ್ಟಿದ್ರೆ ಇದೂ ಉಳಿಯಲ್ಲ. ಹುಟ್ಟಿದ ತಕ್ಷಣ ಮಾರ್ಬಿಡಬೇಕು” ಎಂದರು.

ನೀನು ಹುಟ್ಟಿದ ದಿನ ನಾನು ನಿನಗೆ ಹಾಲು ಕೊಡುವ ಮೊದಲೇ ಅಜ್ಜಿ ನಿನ್ನನ್ನು ಎತ್ತಿಕೊಂಡು ಹಿತ್ತಿಲ ಬಾಗಿಲಿಗೆ ಹೋದರು. ಅಲ್ಲಿ ಭಾಗಮ್ಮ ಒಂದು ಮೊರ ತೌಡು ಹಿಡಿದು ನಿಂತಿದ್ದಳು. ಅವಳನ್ನೇ ಕರೆದದ್ದಕ್ಕೆ ಕಾರಣವಿತ್ತು. ಅವಳು ಹೆತ್ತದ್ದರಲ್ಲಿ ಒಂದೂ ಹೋಗಿರಲಿಲ್ಲ, ಎಲ್ಲವೂ ಗಟ್ಟಿಯಾಗಿ ಉಳಿದಿದ್ದವು. ತೌಡನ್ನು ಅಜ್ಜಿಗೆ ಕೊಟ್ಟು ನಿನ್ನನ್ನು ಸೆರಗಿಗೆ ಹಾಕಿಕೊಂಡು ಅವಳು ಮನೆಯ ಸುತ್ತ ಬಂದು ಮುಂದಿನ ಬಾಗಿಲಲ್ಲಿ ನಿಂತು, ನನ್ನ ಮಗುವನ್ನು ಸಾಕಿಕೊಳ್ಳಿ, ನನಗೆ ಕೈ ತುಂಬ ಕೆಲಸ ಎಂದು ಕೂಗಿ ಹೇಳಿ ಒಳಗೆ ಕೊಟ್ಟಳು. ಅವತ್ತಿನಿಂದ ನೀನು ಅವಳ ಮಗಳು, ನಾನು ಸಾಕುವವಳು. ಆ ತೌಡನ್ನು ಹಸು ತಿಂದಿತು. ನಿನ್ನನ್ನು ಮಗಳೇ ಎಂದು ಕೂಗಬಾರದು ಎಂದು ಅಜ್ಜಿ ನನ್ನಿಂದ ಆಣೆ ಹಾಕಿಸಿದರು. ಕೂಗಲಿಲ್ಲ. ನಿನ್ನ ಮದುವೆಯಲ್ಲಿ ಧಾರೆ ಎರೆಯುವಾಗಲೂ ಮನಸ್ಸಿನೊಳಗೂ ಅನ್ನಲಿಲ್ಲ. ಲಗ್ನಪತ್ರಿಕೆ ಬರೆಸಿದವರು ನಿನ್ನ ದೊಡ್ಡಪ್ಪ, ಅದನ್ನು ನೋಡಿ ನಾನು ಮೂರು ದಿನ ಹೆದರಿ ಸತ್ತಿದ್ದೆ.

ಬೇರೆ ಮನೆಗಳಲ್ಲೂ ಹೀಗೆ ಮಾರುತ್ತಾರೆ. ಆದರೆ ಸರ್ಕಾರದ ಪುಸ್ತಕದವರೆಗೆ ಹೋದವರು ನಿಮ್ಮಪ್ಪ ಒಬ್ಬರೇ ಇರಬೇಕು. ಬಾಯಲ್ಲಿ ಒಂದು, ಬರಹದಲ್ಲಿ ಒಂದು ಆದರೆ ಮಾರಿದ್ದು ಸುಳ್ಳಾಗುತ್ತದೆ ಎಂದು ಅವರ ತಲೆಗೆ ಹೋಯಿತು. ತಾವೇ ಹೋಗಿ ತಾಯಿ ಭಾಗಮ್ಮ ಎಂದು ಬರೆಸಿದರು. ತಂದೆಯ ಜಾಗದಲ್ಲಿ ಭಾಗಮ್ಮನ ಗಂಡನ ಹೆಸರು ಬರೆಸಬೇಕಿತ್ತು. ಅಷ್ಟು ಧೈರ್ಯ ಅವರಿಗೆ ಬರಲಿಲ್ಲ. ತಾವು ಮಾಡಿದ್ದು ನೋಡುವವರ ಕಣ್ಣಿಗೆ ಏನಾಗಿ ಕಾಣುತ್ತದೆ ಎಂದು ಆ ಪುಣ್ಯಾತ್ಮನಿಗೆ ಹೊಳೆಯಲೇ ಇಲ್ಲ.

ನೀನು ಉಳಿದೆ. ಮಳೆಯಲ್ಲಿ ನೆನೆದೆ, ಮರದಿಂದ ಬಿದ್ದೆ, ಟೈಫಾಯಿಡ್ ಬಂತು, ಎದ್ದೆ. ಪ್ರತಿ ಸಲವೂ ನಾನು ಪುಸ್ತಕದಲ್ಲಿ ಬೇರೆ ಹೆಸರಿದೆಯಲ್ಲ ಎಂದು ಸಮಾಧಾನ ಮಾಡಿಕೊಂಡೆ. ಈಗ ನಿನ್ನ ಮೈಗೆ ಇಷ್ಟು ದೊಡ್ಡ ಕಾಯಿಲೆ ಬಂದಿರುವಾಗಲೇ ಹೋಗಿ ಇವಳು ನನ್ನವಳು ಎಂದು ಬರೆಸು ಎನ್ನುತ್ತೀಯ. ಹೇಗೆ ಬರೆಸಲಿ? ಕಿಡ್ನಿ ಕೊಡಲು ನನಗೆ ಹೆದರಿಕೆಯಿಲ್ಲ. ಎರಡನ್ನೂ ತೆಗೆದುಕೋ. ಹೆಸರು ಕೊಡಲು ಹೆದರಿಕೆ. ಜಾವಳಿಯ ಜೀಪು ಹತ್ತಲು ಎಷ್ಟೋ ಸಲ ಹೋದೆ, ಬಸ್ ಸ್ಟ್ಯಾಂಡಿನಲ್ಲಿ ನಿಂತು ವಾಪಸು ಬಂದೆ.

ಸರ್ವಮಂಗಳಾ


ಬೆಂಗಳೂರು
14-9-2001

ಅಮ್ಮ,

ನಿನ್ನ ಕಾಗದವನ್ನು ಇವರು ಜೋರಾಗಿ ಓದಿದರು, ನಾನು ಕಣ್ಣು ಮುಚ್ಚಿ ಕೇಳಿದೆ. ಕುಳಿತುಕೊಳ್ಳಲು ಕಲಿತವನ ಹೆಸರು ಏನು? ಬರೆದು ತಿಳಿಸು.

ಅಪ್ಪನ ಬಗ್ಗೆ ಬರೆದದ್ದಕ್ಕೆ ಕೆನ್ನೆಗೆ ಹೊಡೆದುಕೊಂಡಿದ್ದೇನೆ. ನಿನ್ನ ಮೇಲೆ ಸಿಟ್ಟು ಇಳಿದಿಲ್ಲ, ಅದನ್ನೂ ಹೇಳಿಬಿಡುತ್ತೇನೆ. ಬೇಸಿಗೆಯಿಂದ ನಾನು ಇಲ್ಲಿ ಸೂಜಿ ಚುಚ್ಚಿಸಿಕೊಳ್ಳುತ್ತ ಮಲಗಿದ್ದೇನೆ, ನೀನು ಅಲ್ಲಿ ಬಸ್ ಸ್ಟ್ಯಾಂಡಿನಲ್ಲಿ ನಿಂತು ವಾಪಸು ಹೋಗಿದ್ದೀಯ. ನಾನು ಉಳಿದದ್ದು ತೌಡಿನಿಂದ ಎಂದು ನಿನಗೆ ಅನ್ನಿಸಿದರೆ ಅನ್ನಿಸಲಿ, ಅದನ್ನು ನಾನು ಈಗ ವಾದ ಮಾಡಿ ಗೆಲ್ಲಲಾರೆ. ಆದರೆ ಆಗ ಯಮ ಬಂದದ್ದು ಮಗುವಿನ ತಾಯಿ ಯಾರು ಎಂದು ಕೇಳಿಕೊಂಡು. ಈಗ ಅದನ್ನೇ ಆಸ್ಪತ್ರೆಯವರು ಕೇಳುತ್ತಿದ್ದಾರೆ. ಆಗ ಸುಳ್ಳು ಹೇಳಿದ್ದಕ್ಕೆ ಉಳಿದೆ, ಈಗ ನಿಜ ಹೇಳಿದರೆ ಉಳಿಯುತ್ತೇನೆ. ಇಷ್ಟೇ ವ್ಯತ್ಯಾಸ.

ಮಾರಿದ್ದನ್ನು ವಾಪಸು ಕೊಳ್ಳುವ ಶಾಸ್ತ್ರ ಇರಲೇಬೇಕಲ್ಲ? ಭಾಗಮ್ಮನ ಹತ್ತಿರ ಹೋಗಿ ನನ್ನನ್ನು ಬಿಡಿಸಿಕೊಂಡು ಬಾ. ಆಮೇಲೆ ಎಲ್ಲಿ ಬೇಕಾದರೂ ಧೈರ್ಯವಾಗಿ ಸಹಿ ಹಾಕು.

ಶಿಲ್ಪಾ


ಮೂಡಿಗೆರೆ
10-10-2001

ಶಿಲ್ಪಾಳಿಗೆ,

ಅವನ ಹೆಸರು ವೀರಭದ್ರ. ಇಷ್ಟು ವರ್ಷದಲ್ಲಿ ಯಾರೂ ಕೇಳಿರಲಿಲ್ಲ.

ಹೋಗಿದ್ದೆ. ಈ ಸಲ ನಿಜವಾಗಿಯೂ. ಅಕೌಂಟೆಂಟು ಮೀಸೆ ಬಿಟ್ಟ ದಪ್ಪ ಮನುಷ್ಯ, ನಾನು ಸುಳ್ಳಿನಲ್ಲಿ ಕಂಡ ಹುಡುಗನ ಹಾಗೆ ಒಂದಿಷ್ಟೂ ಇಲ್ಲ. ಅಕ್ಷರ ತಪ್ಪಿದ್ದರೆ ತಿದ್ದಬಹುದು, ತಾಯಿಯನ್ನೇ ಬದಲಿಸುವುದು ತನ್ನ ಕೈಯಲ್ಲಿಲ್ಲ, ಕೋರ್ಟಿನ ಆದೇಶ ತನ್ನಿ ಎಂದ. ತಂದೆಯ ಹೆಸರನ್ನೂ ತಾಯಿಯ ಹೆಸರನ್ನೂ ಒಟ್ಟಿಗೆ ಓದಿ ನನ್ನ ಮುಖ ನೋಡಿ ಮೀಸೆಯೊಳಗೇ ನಕ್ಕ. ನಗಲಿ ಎಂದು ಎದ್ದು ಬಂದೆ. ಇಲ್ಲಿಯ ವಕೀಲ ತಮ್ಮಯ್ಯನವರನ್ನು ಹಿಡಿದೆ. ಭಾಗಮ್ಮ ಕೋರ್ಟಿಗೆ ಬಂದು ನಾನು ಹೆತ್ತಿಲ್ಲ ಎಂದು ಹೇಳಿದರೆ ಅರ್ಧ ಕೆಲಸ ಆದಂತೆ ಎಂದರು ಅವರು.

ಅವಳ ಮನೆಗೆ ಹೋದೆ. ಈಗ ಬೆನ್ನು ಬಾಗಿದೆ, ಕಣ್ಣು ಮಾತ್ರ ಹಾಗೇ ಇದೆ. ಎಲ್ಲ ಕೇಳಿಸಿಕೊಂಡಳು. ಕಿಡ್ನಿ ಎಂದರೆ ಏನು, ಎಲ್ಲಿರುತ್ತದೆ ಎಂದು ಕೇಳಿದಳು. ಆಮೇಲೆ ಹೇಳಿದಳು: “ಅಮ್ಮಾವ್ರೆ, ಬರಹದಲ್ಲಿ ನಾನೇ ತಾಯಿ ಅಂತ ಇದ್ರೆ ನಂದೇ ತಗಳ್ಲಿ. ಮುದುಕಿಗೆ ಎಂತಕ್ಕೆ ಎರಡು? ಆದ್ರೆ ಅದು ನನ್ ಮಗಳಲ್ಲ ಅಂತ ಈ ಬಾಯಲ್ಲಿ ಹೇಳುಸ್ಬೇಡಿ. ನಾನ್ ಕೈ ಬಿಟ್ಟೆ ಅಂತ ಗೊತ್ತಾದ್ರೆ ಆ ಯಮ ಬಂದೇ ಬರ್ತಾನೆ.”

ಅವಳು ಹೇಳಿದ್ದು ನನ್ನ ಮನಸ್ಸಿನಲ್ಲಿದ್ದದ್ದನ್ನೇ. ಕೊನೆಗೆ ನಿನ್ನ ಮಾತನ್ನೇ ಅವಳಿಗೆ ಹೇಳಿದೆ, ಬಿಡಿಸಿಕೊಂಡು ಹೋಗಲು ಬಂದಿದ್ದೇನೆ ಎಂದು. ಅವಳು ಎದ್ದು ಮೂಲೆಯಲ್ಲಿದ್ದ ಮೊರ ತೆಗೆದು ಕೊಟ್ಟಳು.

ಸೋಮವಾರ ಮಿಲ್ಲಿನಿಂದ ತೌಡು ತಂದು ಮೊರ ತುಂಬಿಸಿಕೊಂಡು ಹೋದೆ. ನಿನ್ನ ಚಿಕ್ಕಂದಿನ ಲಂಗವೊಂದು ಪೆಟ್ಟಿಗೆಯಲ್ಲಿತ್ತು, ಅದನ್ನು ಅವಳ ಮಡಿಲಲ್ಲಿ ಮೊದಲೇ ಹಾಕಿದ್ದೆ. ಅವಳು ಹಿತ್ತಿಲ ಬಾಗಿಲಲ್ಲಿ ನಿಂತು ತೌಡು ತೆಗೆದುಕೊಂಡು, ಲಂಗವನ್ನು ನನ್ನ ಸೆರಗಿಗೆ ಹಾಕಿ ಒಳಗೆ ಹೋದಳು. ನಾನು ಮನೆ ಸುತ್ತಿ ಮುಂದೆ ಬರುವಷ್ಟರಲ್ಲಿ ಅವಳು ಬಾಗಿಲು ಹಾಕಿಕೊಂಡು ಅಳುತ್ತಿದ್ದಳು. ಇಷ್ಟು ವರ್ಷ ನನಗೆ ಇಟ್ಟುಕೊಳ್ಳಲು ಕೊಟ್ಟ ಮಗುವನ್ನು ಒಂದು ಮೊರ ತೌಡಿಗೆ ನಾನು ಕಿತ್ತುಕೊಂಡು ಬಂದಂತಾಯಿತು. ದಾರಿಯಲ್ಲಿ ಲಂಗವನ್ನು ಎದೆಗೆ ಒತ್ತಿಕೊಂಡು ಬಂದೆ. ಜೀಪಿನಲ್ಲಿದ್ದವರು ಹುಚ್ಚಿ ಎಂದುಕೊಂಡಿರಬೇಕು.

ಅರ್ಜಿ ಕೋರ್ಟಿಗೆ ಹೋಗಿದೆ. ದಸರಾ ರಜೆ ಮುಗಿದ ಮೇಲೆ ತಾರೀಕು.

ನಿನ್ನ ತಾಯಿ
ಸರ್ವಮಂಗಳಾ


ಬೆಂಗಳೂರು
2-11-2001

ಅಮ್ಮ,

ನಿನ್ನ ಕಾಗದದ ಕೊನೆಯ ಎರಡು ಸಾಲನ್ನು ಮಗುವಿನಿಂದ ಓದಿಸಿದೆ. ಅದು ಒತ್ತಕ್ಷರ ಕಲಿಯುತ್ತಿದೆ. ಸರ್ವಮಂಗಳಾ ಎನ್ನಲು ನಾಲಿಗೆ ತಿರುಗಲಿಲ್ಲ, ತಾಯಿ ಎನ್ನಲು ತಿರುಗಿತು.

ಅಕ್ಷರ ವಕ್ರವಾಗಿದ್ದರೆ ಗಾಬರಿಯಾಗಬೇಡ. ಕೈ ಸ್ವಲ್ಪ ಊದಿದೆ. ಇಲ್ಲಿ ಚಳಿ ಶುರುವಾಗಿದೆ, ಸಣ್ಣ ಜ್ವರ ಬಂದು ಹೋಗುತ್ತಿದೆ, ಎಲ್ಲರಿಗೂ ಇದೆ. ನನ್ನನ್ನು ನೋಡಲು ಈಗ ಬರಬೇಡ. ಬಂದರೆ ಕೋರ್ಟಿನ ತಾರೀಕು ತಪ್ಪುತ್ತದೆ. ಆದೇಶ ಹಿಡಿದುಕೊಂಡೇ ಬಾ. ಭಾಗಮ್ಮನಿಗೆ ಈ ವರ್ಷದ ಸೀರೆ ಕೊಟ್ಟೆಯೋ ಇಲ್ಲವೋ? ಬಿಡಿಸಿಕೊಂಡೆವು ಎಂದು ಸೀರೆ ನಿಲ್ಲಿಸಬೇಡ.

ಶಿಲ್ಪಾ


ಮೂಡಿಗೆರೆ
28-11-2001

ನನ್ನ ಮಗಳು ಶಿಲ್ಪಾಳಿಗೆ,

ಆಯಿತು. ನಿನ್ನೆ ಆದೇಶ ಆಯಿತು. ಪ್ರತಿ ಕೈಗೆ ಸಿಗಲು ಇನ್ನೊಂದು ವಾರ ಬೇಕಂತೆ. ಅದನ್ನು ತೋರಿಸಿ ಪುಸ್ತಕದಲ್ಲಿ ಬರೆಸಿ ಹೊಸ ಪತ್ರ ತೆಗೆಸಿಕೊಂಡು ನಾನೇ ಬರುತ್ತೇನೆ.

ಭಾಗಮ್ಮ ಬಂದಿದ್ದಳು. ಗೌರಿಗೆ ಕೊಟ್ಟ ಹಸಿರು ಸೀರೆಯನ್ನೇ ಉಟ್ಟಿದ್ದಳು. ಕಟಕಟೆಯಲ್ಲಿ ನಿಲ್ಲಿಸಿ ಈ ಮಗುವನ್ನು ಹೆತ್ತವರು ಯಾರು ಎಂದು ಕೇಳಿದರು. ಅವಳು ನನ್ನ ಕಡೆ ತಿರುಗಿ ನೋಡಿದಳು. ನಾನು ತಲೆಯಾಡಿಸಿದೆ. “ಆ ಅಮ್ಮಾವ್ರು ಹೆತ್ತಿದ್ದು. ನಾನು ಬರೀ ಕಾದೆ” ಎಂದಳು. ಬರೆದುಕೊಳ್ಳುವವನು ಎರಡನೇ ಮಾತನ್ನು ಬರೆದುಕೊಳ್ಳಲಿಲ್ಲ. ನನ್ನ ಸರದಿ ಬಂದಾಗ ಎಲ್ಲರಿಗೂ ಕೇಳುವಂತೆ ಶಿಲ್ಪಾ ನನ್ನ ಮಗಳು ಎಂದೆ. ನ್ಯಾಯಾಧೀಶರು ಮೆಲ್ಲಗೆ ಹೇಳಿದರೆ ಸಾಕು ಎಂದರು. ಮೆಲ್ಲಗೆ ಹೇಳಿ ಹೇಳಿ ಸಾಕಾಗಿತ್ತು ನನಗೆ.

ಹೊರಗೆ ಬಂದ ಮೇಲೆ ಹೋಟೆಲಿನಲ್ಲಿ ಇಬ್ಬರೂ ಕಾಫಿ ಕುಡಿದೆವು. ಅವಳಿಗೆ ಭಯ ಇನ್ನೂ ಹೋಗಿಲ್ಲ. ನನಗೆ ಈ ಸಲ ಭಯವಾಗಲಿಲ್ಲ ಎಂದರೆ ನಂಬುತ್ತೀಯಾ? ಬಟ್ಟೆ ಕಟ್ಟಿಟ್ಟಿದ್ದೇನೆ.

ನಿನ್ನ ತಾಯಿ


ಬೆಂಗಳೂರು
19-12-2001

ಪೂಜ್ಯ ಅತ್ತೆಯವರಿಗೆ ರೇಣುಕಪ್ರಸಾದನ ನಮಸ್ಕಾರಗಳು.

ಕಾರ್ಯಗಳೆಲ್ಲ ಮುಗಿದು ನೀವು ಊರಿಗೆ ಹೊರಟ ಮೇಲೆ ಮನೆಯಲ್ಲಿ ಮಾತಾಡುವವರು ಮಗು ಒಂದೇ. ಅದು ನಿಮ್ಮನ್ನು ಕೇಳುತ್ತಿರುತ್ತದೆ. ತಾಯಿಯನ್ನು ಕೇಳುವುದನ್ನು ನಿಲ್ಲಿಸಿದೆ.

ನೀವು ಇಲ್ಲಿದ್ದಾಗ ಒಂದು ವಿಷಯ ಹೇಳಲಿಲ್ಲ. ಹೇಳಬಾರದು ಎಂದು ಶಿಲ್ಪಾ ನನ್ನಿಂದ ಮಾತು ತೆಗೆದುಕೊಂಡಿದ್ದಳು. ಆಗಸ್ಟಿನ ಒಳಗೆ ಕಿಡ್ನಿ ಹಾಕಿದ್ದರೆ ಚೆನ್ನಾಗಿತ್ತು ಎಂದು ವೈದ್ಯರು ಹೇಳಿದ್ದರು. ಅಕ್ಟೋಬರಿನಲ್ಲಿ ರಕ್ತಕ್ಕೆ ನಂಜು ಸೇರಿತು. ನಿಮಗೆ ಬರೆದ ಕೊನೆಯ ಕಾಗದವನ್ನು ಅವಳು ಆಸ್ಪತ್ರೆಯ ಹಾಸಿಗೆಯಲ್ಲೇ ಬರೆದದ್ದು. ಅಮ್ಮನಿಗೆ ಗೊತ್ತಾದರೆ ಆ ದಿನಗಳನ್ನು ಎಣಿಸುತ್ತ ಕೂರುತ್ತಾಳೆ ಎಂದಳು. ನಾನು ಮಾತು ಕೊಟ್ಟೆ, ಈಗ ಮುರಿಯುತ್ತಿದ್ದೇನೆ. ಒಬ್ಬನೇ ಇಟ್ಟುಕೊಳ್ಳಲು ನನ್ನಿಂದ ಆಗಲಿಲ್ಲ. ನಿಮ್ಮ ಮೇಲೆ ಕೋಪ ಇಲ್ಲ ಎಂದು ಬರೆಯಬೇಕೆಂದಿದ್ದೇನೆ, ಇನ್ನೂ ಬರೆಯಲು ಆಗುತ್ತಿಲ್ಲ. ಕ್ಷಮಿಸಿ.

ಇನ್ನೊಂದು ಸಂಗತಿ. ಮರಣ ಪತ್ರ ಬಂದಿದೆ. ಆಸ್ಪತ್ರೆಯವರು ತಮ್ಮ ಕಡತದಲ್ಲಿದ್ದ ಹಳೆಯ ಜನನ ಪತ್ರ ನೋಡಿ ವಿವರ ಕಳಿಸಿದ್ದಾರೆ. ತಾಯಿ ಭಾಗಮ್ಮ ಎಂದು ಬರೆದಿದೆ. ನಿಮ್ಮ ಆದೇಶದ ಪ್ರತಿ ನಮಗೆ ತಲುಪುವ ಮೊದಲೇ ಇದು ಆಗಿಹೋಗಿತ್ತು. ನನ್ನ ಆಫೀಸಿನ ಕೆಲಸಕ್ಕೆ ಈ ಪತ್ರ ಹೀಗೇ ಸಾಕು, ಅಲ್ಲಿ ಗಂಡನ ಹೆಸರು ನೋಡುತ್ತಾರೆ ಅಷ್ಟೆ. ತಿದ್ದಿಸಬೇಕಾದರೆ ಮತ್ತೆ ಅರ್ಜಿ, ಮತ್ತೆ ಓಡಾಟ. ಇನ್ನು ಯಾವ ಹೆಸರಿದ್ದರೇನು ಎಂದು ನನಗೆ ಅನ್ನಿಸುತ್ತದೆ. ನಿಮ್ಮ ಅಭಿಪ್ರಾಯ ತಿಳಿಸಿ.

ರೇಣುಕಪ್ರಸಾದ್


ಮೂಡಿಗೆರೆ
24-12-2001

ಚಿ. ರೇಣುಕಪ್ರಸಾದರಿಗೆ ಆಶೀರ್ವಾದ.

ಹೇಳಿದ್ದು ಒಳ್ಳೆಯದಾಯಿತು. ಕೋಪ ಇಲ್ಲ ಎಂದು ಬರೆಯುವುದು ಬೇಡ. ನನ್ನನ್ನು ಕಂಡರೆ ನನಗೇ ಆಗುವುದಿಲ್ಲ, ನಿಮಗೆ ಹೇಗೆ ಆದೀತು?

ಮೊನ್ನೆ ಜಾವಳಿಗೆ ಹೋಗಿ ಭಾಗಮ್ಮನಿಗೆ ಸುದ್ದಿ ಹೇಳಿದೆ. ಕೋರ್ಟಿನಲ್ಲಿ ತಾನು ಬಾಯಿ ಬಿಟ್ಟದ್ದರಿಂದಲೇ ಮಗು ಹೋಯಿತು ಎಂದು ಹಣೆ ಹಣೆ ಚಚ್ಚಿಕೊಂಡಳು. ನಿಮ್ಮ ಲೆಕ್ಕದಲ್ಲಿ ತಡ ಮಾಡಿದ್ದರಿಂದ ಹೋದಳು. ತಿದ್ದಿಸಿದ್ದರಿಂದ ಹೋದಳೋ, ತಿದ್ದಿಸಲು ತಡ ಮಾಡಿದ್ದರಿಂದ ಹೋದಳೋ, ತಿದ್ದಿಸಿದವಳೂ ನಾನೇ, ತಡ ಮಾಡಿದವಳೂ ನಾನೇ. ಇದನ್ನು ಅವಳಿಗೆ ಹೇಳಿದೆ. ಅವಳಿಗೆ ಸಮಾಧಾನವಾಗಲಿಲ್ಲ. ನನಗೂ ಆಗಲಿಲ್ಲ.

ಯಾವ ಹೆಸರಿದ್ದರೇನು ಎಂದು ಕೇಳಿದ್ದೀರಿ. ಭಾಗಮ್ಮ ಹೆತ್ತ ಮಕ್ಕಳಲ್ಲಿ ಇವತ್ತಿನವರೆಗೂ ಒಂದೂ ಹೋಗಿಲ್ಲ. ಅವಳ ಹೆಸರಿನ ಎದುರು ಒಂದು ಸತ್ತ ಮಗುವನ್ನು ಯಾಕೆ ಬರೆಯಬೇಕು? ಅವಳು ಯಾರಿಗೂ ಕೆಟ್ಟದ್ದು ಮಾಡಿದವಳಲ್ಲ. ಸತ್ತ ಮಕ್ಕಳ ತಾಯಿ ನಾನು. ಮೂರು ಮಕ್ಕಳದು ಯಾವ ಪುಸ್ತಕದಲ್ಲೂ ಬರೆದಿಲ್ಲ, ಆ ಕಾಲದಲ್ಲಿ ಯಾರೂ ಬರೆಸುತ್ತಿರಲಿಲ್ಲ. ನಾಲ್ಕನೆಯದಾದರೂ ನನ್ನ ಹೆಸರಿಗೆ ಇರಲಿ.

ನೀವು ಎಲ್ಲಿಯೂ ಓಡಾಡಬೇಡಿ. ಆದೇಶದ ಪ್ರತಿ ಇದೆ, ಹೊಸ ಜನನ ಪತ್ರ ಇದೆ, ಅರ್ಜಿಯನ್ನೂ ಬರೆದಿಟ್ಟಿದ್ದೇನೆ. ಮುಂದಿನ ಸೋಮವಾರ ಬೆಳಗಿನ ಬಸ್ಸಿಗೆ ನಾನೇ ಹೊರಟು ಬರುತ್ತೇನೆ. ಈ ಸಲ ತಡ ಮಾಡುವುದಿಲ್ಲ.

ಶಿಲ್ಪಾಳ ತಾಯಿ
ಸರ್ವಮಂಗಳಾ